ಪಕ್ಕದ ಮನೆಯಲ್ಲಿ ಕೇಳಿದ ನಗು

ಗಂಡ ಬಾಯಿ ತುಂಬ ನಗುವುದನ್ನು ದೀಪಶ್ರೀ ಮೊದಲ ಸಲ ಕೇಳಿದ್ದು ತನ್ನ ಮನೆಯಲ್ಲಲ್ಲ, ಪಕ್ಕದ ಮನೆಯಲ್ಲಿ.

ಮದುವೆಯಾಗಿ ಹದಿನಾಲ್ಕು ತಿಂಗಳಾಗಿತ್ತು. ಅಷ್ಟು ದಿನಗಳಲ್ಲಿ ಶಾಂತಮೂರ್ತಿ ಅವಳೆದುರು ಮುಗುಳ್ನಕ್ಕಿದ್ದುಂಟು, ತಲೆಯಾಡಿಸಿದ್ದುಂಟು. ಆದರೆ ಹೀಗೆ ಹೆಗಲು ಕುಲುಕಿಸಿ, ಕಣ್ಣಲ್ಲಿ ನೀರು ಬರುವಂತೆ ನಕ್ಕಿದ್ದು...

ಇಲ್ಲ. ಅವಳಿಗೆ ನೆನಪಿರಲಿಲ್ಲ.

ಅಂದು ಶನಿವಾರ, ಸಂಜೆ ಏಳು ಗಂಟೆ. ಕೊಳ್ಳೇಗಾಲದ ಆ ಓಣಿಯಲ್ಲಿ ಅವರ ಬಾಡಿಗೆ ಮನೆಗೂ ಪಕ್ಕದ ಮನೆಗೂ ನಡುವೆ ಇದ್ದದ್ದು ಎದೆಯೆತ್ತರದ ಒಂದೇ ಗೋಡೆ. ಎರಡು ವಾರದ ಹಿಂದಷ್ಟೇ ಅಲ್ಲಿಗೆ ಮೀನಾ ಮತ್ತು ಗುರುಪ್ರಕಾಶ್ ಬಂದಿದ್ದರು. ಗುರುಪ್ರಕಾಶ್ ಹನೂರಿನಲ್ಲಿ ಸರ್ವೆಯರ್. ಮೀನಾ ಅಲ್ಲಿಯೇ ಒಂದು ಹೈಸ್ಕೂಲಿನಲ್ಲಿ ಹಿಂದಿ ಟೀಚರ್. ಬೆಳಿಗ್ಗೆ ಇಬ್ಬರೂ ಒಂದೇ ಬಸ್ಸಿಗೆ ಓಡುತ್ತಿದ್ದರು, ಸಂಜೆ ಒಂದೇ ಬಸ್ಸಿನಲ್ಲಿ ಇಳಿಯುತ್ತಿದ್ದರು.

ಟಿ.ವಿ.ಯಲ್ಲಿ ಹೊಸ ಹಿಂದಿ ಧಾರಾವಾಹಿಯೊಂದು ಅಂದು ಶುರುವಾಗಲಿತ್ತು. ಅಕ್ಕಪಕ್ಕದ ಮನೆಯ ಎರಡು ಜೋಡಿಗಳ ತಮಾಷೆಯ ಕಥೆಯಂತೆ. ನಾವೂ ಅಕ್ಕಪಕ್ಕದವರೇ ಅಲ್ಲವೇ, ಮೊದಲ ಕಂತನ್ನು ಒಟ್ಟಿಗೇ ನೋಡೋಣ ಎಂದು ಮೀನಾ ಗೋಡೆಯ ಆಚೆಯಿಂದ ಕರೆದಿದ್ದಳು. ಹಿಂದಿ ಬರುವುದಿಲ್ಲ ಎಂದು ದೀಪಶ್ರೀ ಸಂಕೋಚಪಟ್ಟಾಗ, ಪ್ರತಿ ಮಾತನ್ನೂ ಕನ್ನಡದಲ್ಲಿ ಹೇಳುವ ಜವಾಬ್ದಾರಿ ತನ್ನದು ಎಂದಿದ್ದಳು.

ಹಾಗೆಯೇ ಮಾಡಿದಳು ಕೂಡ. ಟಿ.ವಿ. ಪಕ್ಕದಲ್ಲಿ ಒಂದು ಸ್ಟೂಲ್ ಹಾಕಿಕೊಂಡು, ಇವರ ಕಡೆಗೆ ಮುಖ ಮಾಡಿ ಕುಳಿತಳು. ಕ್ಲಾಸಿನ ಕೊನೆಯ ಬೆಂಚಿಗೂ ಕೇಳಬೇಕು, ಅಂಥ ಗಂಟಲು. ಕೈ, ಕಣ್ಣು, ಹುಬ್ಬು ಎಲ್ಲವೂ ಮಾತಾಡುತ್ತಿದ್ದವು.

ಕಥೆಯೂ ಹಾಗೇ ಇತ್ತು. ಗಡಿಯಾರ ರಿಪೇರಿ ಮಾಡುವವನೊಬ್ಬನ ಪಕ್ಕದ ಮನೆಗೆ ಹೊಸ ದಂಪತಿ ಬರುತ್ತಾರೆ. ಹೆಂಡತಿ ಕೊಟ್ಟ ಟೀಯನ್ನು ಒಂದು ಮಾತೂ ಆಡದೆ ಕುಡಿಯುವ ಈ ಪುಣ್ಯಾತ್ಮ, ಪಕ್ಕದ ಮನೆಯಾಕೆ ಕೊಟ್ಟ ಉಪ್ಪು ಬಿದ್ದ ಟೀಯನ್ನು ಅಮೃತ ಎಂದು ಹೊಗಳುತ್ತಾನೆ. ಅತ್ತ ಆಕೆಯ ಗಂಡ ಇವನ ಹೆಂಡತಿಯ ಉಪ್ಪಿನಕಾಯಿಗೆ ಮರುಳಾಗಿ ಜಾಡಿ ಹಿಡಿದು ಗೋಡೆ ಹತ್ತಿ, ಗೋಡೆಯ ಮೇಲೆಯೇ ಸಿಕ್ಕಿಹಾಕಿಕೊಳ್ಳುತ್ತಾನೆ.

ಶಾಂತಮೂರ್ತಿ ನಕ್ಕಿದ್ದು ಆಗಲೇ.

ದೀಪಶ್ರೀಗೂ ನಗು ಬಂದಿತ್ತು. ಗಂಡನ ನಗು ಇಷ್ಟು ಚೆಂದ ಇದೆಯಲ್ಲ ಎಂದು ಅವನತ್ತ ತಿರುಗಿದಳು.

ಅವನು ಟಿ.ವಿ. ನೋಡುತ್ತಲೇ ಇರಲಿಲ್ಲ. ಅವನ ಕಣ್ಣು ನೆಟ್ಟಿದ್ದುದು ಮೀನಾಳ ಮುಖದ ಮೇಲೆ. ಅವಳ ತುಟಿಗಳ ಮೇಲೆ.

ದೀಪಶ್ರೀಯ ನಗು ಅಲ್ಲೇ ಇಂಗಿಹೋಯಿತು.

ಮನೆಗೆ ಬಂದು ಒಲೆಯ ಮುಂದೆ ನಿಂತಾಗ ಸುಮ್ಮನಿರಲಾರದೆ, ಮುಂದಿನ ವಾರವೂ ಹೋಗೋಣವೇ ಎಂದು ಕೇಳಿದಳು. ಹಿಂದೆ ಎರಡೇ ಮಾರು ದೂರದಲ್ಲಿ ಕುಳಿತಿದ್ದ ಶಾಂತಮೂರ್ತಿ ಏನೂ ಹೇಳಲಿಲ್ಲ. ಅವಳು ಮತ್ತೆ ಕೇಳಲಿಲ್ಲ. ಉತ್ತರ ಬಾರದ ಪ್ರಶ್ನೆಗಳು ಆ ಮನೆಯಲ್ಲಿ ಅವಳಿಗೆ ಹೊಸವೇನಲ್ಲ.

ದೀಪಶ್ರೀಯ ತವರು ಯಳಂದೂರು. ಅವಳ ಅಪ್ಪ ಲಕ್ವಾ ಹೊಡೆದು ಏಳು ವರ್ಷ ಹಾಸಿಗೆ ಹಿಡಿದಿದ್ದರು. ಸ್ವಲ್ಪ ಸದ್ದಾದರೂ ಅವರಿಗೆ ತಲೆ ಸಿಡಿಯುತ್ತಿತ್ತು. ಆ ಏಳು ವರ್ಷ ಆ ಮನೆಯಲ್ಲಿ ಯಾರೂ ಗಟ್ಟಿಯಾಗಿ ಮಾತಾಡಲಿಲ್ಲ. ಪಾತ್ರೆ ಇಡುವಾಗಲೂ ಕೆಳಗೆ ಬಟ್ಟೆ ಹಾಸುತ್ತಿದ್ದರು. ಅಪ್ಪ ಹೋದರು, ಮೆಲುದನಿ ಮಾತ್ರ ಅವಳ ಗಂಟಲಿನಲ್ಲೇ ಉಳಿದುಬಿಟ್ಟಿತು. ಪಿಸುಮಾತಿಗಿಂತ ಒಂದು ಎಳೆ ಮೇಲೆ, ಅಷ್ಟೇ. ಆ ದನಿಯನ್ನು ಕೇಳಿದವರು ಎಷ್ಟು ಸಂಪನ್ನೆ ಎನ್ನುತ್ತಿದ್ದರು.

ಶಾಂತಮೂರ್ತಿ ಲೊಕ್ಕನಹಳ್ಳಿಯವನು. ಹದಿನೆಂಟು ವರ್ಷಕ್ಕೇ ಕೊಳ್ಳೇಗಾಲಕ್ಕೆ ಬಂದು ರೇಷ್ಮೆ ಎಳೆ ಹುರಿ ಮಾಡುವ ಫ್ಯಾಕ್ಟರಿ ಸೇರಿದ್ದ. ಈಗ ಮೂವತ್ತಮೂರರಲ್ಲಿ ಅಲ್ಲಿಯ ಮೇಸ್ತ್ರಿ. ಕುಡಿತವಿಲ್ಲ, ಜೂಜಿಲ್ಲ. ಸಂಬಂಧ ತಂದವರು ಹೇಳಿದ ಇಷ್ಟೂ ಮಾತು ನಿಜವೇ ಆಗಿತ್ತು.

ಅವನು ಒಳ್ಳೆಯವನೆಂಬುದರಲ್ಲಿ ಅವಳಿಗೆ ಅನುಮಾನವಿರಲಿಲ್ಲ. ಅವಳು ಏಳುವ ಮುಂಚೆ ನೀರು ಹಿಡಿದಿಡುತ್ತಿದ್ದ. ಅವಳು ಅಂಗಡಿಯವರ ರೇಷ್ಮೆ ಸೀರೆಗಳಿಗೆ ಕುಚ್ಚು ಕಟ್ಟುತ್ತ ಕುಳಿತಿದ್ದರೆ, ಬೆಳಕು ಬೀಳುವಂತೆ ಕಿಟಕಿಯ ಪರದೆ ಸರಿಸಿ ಹೋಗುತ್ತಿದ್ದ. ಆದರೆ ಮಾತು? ಅವಳು ಒಲೆ ಕಡೆ ತಿರುಗಿ ಏನಾದರೂ ಹೇಳಿದರೆ ಮೌನ. ಕುಚ್ಚಿನ ಮೇಲೆ ಕಣ್ಣಿಟ್ಟು ಕೇಳಿದರೆ ಮೌನ. ದೀಪ ಆರಿಸಿದ ಮೇಲೆ ಮೆಲ್ಲಗೆ ಕರೆದರೂ ಮೌನ.

*ನಾನು ಇವರಿಗೆ ಇಷ್ಟ ಇಲ್ಲ. ಅವರ ಅಣ್ಣನ ಬಲವಂತಕ್ಕೆ ತಾಳಿ ಕಟ್ಟಿದ್ದಾರೆ.*

ಹೀಗೆಂದು ಅವಳು ಎಂದೋ ತೀರ್ಮಾನಿಸಿ ಆಗಿತ್ತು. ಮಾತೇ ಆಡದ ಮನುಷ್ಯ, ಅವರ ಸ್ವಭಾವವೇ ಹಾಗೆ ಎಂಬ ಒಂದು ಸಮಾಧಾನ ಮಾತ್ರ ಉಳಿದಿತ್ತು. ಆ ಸಂಜೆಯ ನಗು ಅದನ್ನೂ ಕಿತ್ತುಕೊಂಡಿತು.

ಅಂದಿನಿಂದ ಅವಳ ಕಣ್ಣಿಗೆ ಎಲ್ಲವೂ ಬೇರೆಯಾಗಿ ಕಾಣತೊಡಗಿತು.

ಮೀನಾ ಗೋಡೆಯ ಆಚೆ ನಿಂತು ಮಾತಾಡಿಸಿದರೆ ಶಾಂತಮೂರ್ತಿ ಎಲ್ಲದಕ್ಕೂ ಉತ್ತರ ಕೊಡುತ್ತಿದ್ದ. ಫ್ಯಾಕ್ಟರಿಯಲ್ಲಿ ಎಷ್ಟು ವರ್ಷದಿಂದ ಇದ್ದೀರಿ, ಎಷ್ಟು ಮಿಷಿನ್ ಇವೆ ಎಂದೆಲ್ಲ ಅವಳು ಕೆದಕಿ ಕೇಳುತ್ತಿದ್ದಳು. ಅವನು ಅವಳ ಮುಖದಿಂದ ಕಣ್ಣು ಕೀಳದೆ ಹೇಳುತ್ತಿದ್ದ. ಒಂದು ಮಂಗಳವಾರ ಮೀನಾ ಅವನ ಕೈಗೆ ಚೀಟಿಯೊಂದನ್ನು ಕೊಟ್ಟಳು. ಅವನು ಅದನ್ನು ಓದಿ, ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟುಕೊಂಡ. ಒಳಗಿನ ಕಿಟಕಿಯಿಂದ ದೀಪಶ್ರೀ ನೋಡಿದಳು.

ಟಿ.ವಿ.ಯಲ್ಲಿ ನೋಡಿ ನಕ್ಕಿದ್ದು ಈಗ ತನ್ನ ಮನೆಯ ಗೋಡೆಯ ಮೇಲೆಯೇ ನಡೆಯುತ್ತಿದೆಯಲ್ಲ ಎನಿಸಿತು ಅವಳಿಗೆ.

ಆ ಗುರುವಾರ ಸಂಜೆ ಹೂ ಮಾರುವ ಪುಟ್ಟಗೌರಮ್ಮ ಬಂದವಳು, ಮೊಳ ಹಾಕುತ್ತಲೇ, ಬೆಳಿಗ್ಗೆ ಬಸ್‌ಸ್ಟ್ಯಾಂಡಿನಲ್ಲಿ ನಿಮ್ಮ ಯಜಮಾನರನ್ನೂ ಪಕ್ಕದ ಟೀಚರಮ್ಮನನ್ನೂ ನೋಡಿದೆ, ಇಬ್ಬರೂ ಚಾಮರಾಜನಗರದ ಬಸ್ಸು ಹತ್ತಿದರು ಎಂದಳು. ಅವಳ ಮಾತಿನಲ್ಲಿ ಕುಹಕವೇನೂ ಇರಲಿಲ್ಲ. ಅದೇ ದೀಪಶ್ರೀಗೆ ಇನ್ನಷ್ಟು ಚುಚ್ಚಿತು.

ಶಾಂತಮೂರ್ತಿ ಆರೂವರೆಗೆ ಬಂದ. ದೀಪಶ್ರೀ ಅವನ ಮುಂದೆಯೇ ನಿಂತು ಅವನ ಮುಖ ನೋಡಿ ಕೇಳಿದಳು.

"ಇವತ್ತು ಎಲ್ಲಿಗ ಓಗಿದ್ರಿ?"

ಅವನು ಅಂಗಿಯ ಗುಂಡಿ ಬಿಚ್ಚುತ್ತ ಹೇಳಿದ.

"ಫ್ಯಾಕ್ಟರಿಗ."

ಹದಿನಾಲ್ಕು ತಿಂಗಳಲ್ಲಿ ಅವನು ಅವಳಿಗೆ ಹೇಳಿದ ಮೊದಲ ಸುಳ್ಳು ಅದು. ಅವಳು ಹೂವನ್ನು ಮುಡಿಯಲಿಲ್ಲ. ದೇವರ ಪಟಕ್ಕೆ ಹಾಕಿದಳು.

ಮರುದಿನ ಅವಳು ತನಗೇ ಆಶ್ಚರ್ಯವಾಗುವ ಒಂದು ಕೆಲಸ ಮಾಡಿದಳು.

ಶಾಂತಮೂರ್ತಿ ಯಾವತ್ತೂ ಊಟಕ್ಕೆ ಡಬ್ಬಿ ಒಯ್ಯುತ್ತಿದ್ದ. ಅಂದು ಅವಳು ಬೇಕೆಂದೇ ಅಡುಗೆ ತಡಮಾಡಿದಳು. ಅವನು ಹೊರಟ ಮೇಲೆ ಮುದ್ದೆ ಮಾಡಿ, ಅವರೆಕಾಳಿನ ಸಾರನ್ನು ಡಬ್ಬಿಗೆ ತುಂಬಿ, ಹನ್ನೆರಡೂವರೆಗೆ ಮನೆ ಬಿಟ್ಟಳು. ಫ್ಯಾಕ್ಟರಿ ಹತ್ತಿರ ಬರಬೇಡ, ಅಲ್ಲಿ ಗಲಾಟೆ ಎಂದು ಅವನು ಮದುವೆಯಾದ ಹೊಸತರಲ್ಲೇ ಹೇಳಿದ್ದ. ಅವಳು ಹೋಗಿರಲೂ ಇಲ್ಲ. ಈಗ ಅವಳಿಗೆ ಬೇಕಾದದ್ದು ಒಂದೇ. ಅವನು ಅಲ್ಲಿ ಇದ್ದಾನೋ ಇಲ್ಲವೋ ಕಣ್ಣಾರೆ ನೋಡಬೇಕು.

ಇದ್ದ.

ಬಾಗಿಲಲ್ಲಿ ಸಿಕ್ಕ ಮಾದು ಎಂಬ ಕೆಲಸಗಾರ ಅವಳನ್ನು ಒಳಗೆ ಕರೆದೊಯ್ದ. ಒಳಗೆ ಕಾಲಿಟ್ಟ ಕೂಡಲೇ ಅವಳ ಎರಡೂ ಕೈ ಕಿವಿಗೆ ಹೋದವು. ಉದ್ದುದ್ದ ಸಾಲಿನಲ್ಲಿ ಎಳೆ ಸುತ್ತುವ ನೂರಾರು ಕದಿರುಗಳು ಗಿರಗಿರನೆ ತಿರುಗುತ್ತಿದ್ದವು. ಅದು ಸದ್ದಲ್ಲ, ಮೈಮೇಲೆ ಬೀಳುವ ಭಾರ. ನೆಲ ನಡುಗುತ್ತಿತ್ತು, ಹಲ್ಲು ನಡುಗುತ್ತಿತ್ತು. ಅಲ್ಲಿ ಯಾರೂ ಬಾಯಿಂದ ಮಾತಾಡುತ್ತಿರಲಿಲ್ಲ. ಬೆರಳು ಎತ್ತಿದರೆ ಒಂದು ಅರ್ಥ, ಅಂಗೈ ತಿರುಗಿಸಿದರೆ ಇನ್ನೊಂದು.

ಇಂಥದ್ದರ ನಡುವೆ ಅವಳ ಗಂಡ ನಡೆಯುತ್ತಿದ್ದ.

ಅವಳಿಗೆ ಗೊತ್ತಿದ್ದ ಶಾಂತಮೂರ್ತಿ ಅವನಲ್ಲ. ತಲೆ ಎತ್ತಿತ್ತು, ಹೆಜ್ಜೆ ಹಗುರವಾಗಿತ್ತು. ಒಂದು ಮಿಷಿನ್ನಿನ ಕಬ್ಬಿಣದ ಮೇಲೆ ಅಂಗೈ ಇಟ್ಟು ಕಣ್ಣು ಮುಚ್ಚಿದ. ಎರಡು ಹೆಜ್ಜೆ ಸರಿದು ಮತ್ತೆ ಕೈ ಇಟ್ಟ. ಆಮೇಲೆ ಅಷ್ಟು ಕದಿರುಗಳ ನಡುವೆ ಸರಿಯಾಗಿ ಒಂದನ್ನೇ ಹಿಡಿದು ನಿಲ್ಲಿಸಿದ. ಅದೇ ಕೆಟ್ಟಿತ್ತು. ಮುಂದಿನ ಸಾಲಿನಲ್ಲಿ ಕೂದಲಿಗಿಂತ ಸಣ್ಣ ಎಳೆಯೊಂದು ತುಂಡಾಗಿದ್ದನ್ನು ಇಷ್ಟು ದೂರದಿಂದ ಕಂಡು, ಹೋಗಿ, ಎರಡು ಬೆರಳಲ್ಲಿ ಕಣ್ಣು ಮಿಟುಕಿಸುವಷ್ಟರಲ್ಲಿ ಗಂಟು ಹಾಕಿದ. ಗಂಟು ಹಾಕಿದ್ದೇ ಕಾಣದು, ಎಳೆ ಓಡುತ್ತಲೇ ಇತ್ತು.

ಎಂಟು ಜನ ಕೆಲಸಗಾರರು ಅವನ ಕೈ ನೋಡಿಕೊಂಡು ಕೆಲಸ ಮಾಡುತ್ತಿದ್ದರು. ತಾನು ದಿನವೂ ಕುಚ್ಚು ಕಟ್ಟುವ ರೇಷ್ಮೆ ಹೀಗೆ ಅವನ ಬೆರಳುಗಳ ನಡುವಿನಿಂದ ಹಾದು ಬರುತ್ತದೆಂದು ಅವಳು ಯೋಚಿಸಿಯೇ ಇರಲಿಲ್ಲ. ಅನುಮಾನ ಹೊತ್ತು ಬಂದವಳು ಅದನ್ನು ಮರೆತು ನೋಡುತ್ತ ನಿಂತಳು. ಎಷ್ಟು ಚೆಂದ ಕೆಲಸ ಮಾಡುತ್ತಾರೆ ಇವರು!

ಗಂಟೆ ಒಂದಾಯಿತು, ಊಟದ ವೇಳೆ. ಮಾದು ಗೋಡೆಯ ಮೇಲಿನ ಸ್ವಿಚ್ಚು ಎಳೆದ. ಕದಿರುಗಳು ಒಂದೊಂದಾಗಿ ನಿಧಾನವಾದವು, ನಿಂತವು. ಆ ದೊಡ್ಡ ಶೆಡ್ಡಿನಲ್ಲಿ ಒಮ್ಮೆಲೇ ಮೌನ. ಯಾರೋ ಕೆಮ್ಮಿದ್ದೂ ಕೇಳಿಸಿತು.

ಶಾಂತಮೂರ್ತಿ ಅವಳಿಗೆ ಬೆನ್ನು ಹಾಕಿ ನಿಂತಿದ್ದ, ಹತ್ತು ಅಡಿ ದೂರದಲ್ಲಿ.

"ರೀ..." ಎಂದಳು ದೀಪಶ್ರೀ. ಎಂದಿನ ದನಿಯಲ್ಲೇ.

ಶೆಡ್ಡಿನ ಆ ತುದಿಯಲ್ಲಿದ್ದವನು ತಿರುಗಿ ನೋಡಿದ. ಮಾದು ತಿರುಗಿದ. ಎಂಟೂ ಜನ ತಿರುಗಿದರು.

ಶಾಂತಮೂರ್ತಿ ತಿರುಗಲಿಲ್ಲ.

"ರೀ, ಊಟ ತಂದಿವ್ನಿ."

ಅವನು ಹೆಗಲ ಮೇಲಿನ ಬಟ್ಟೆಯಿಂದ ಕೈ ಒರೆಸಿಕೊಳ್ಳುತ್ತಿದ್ದ. ಮಿಷಿನ್ನಿನ ಕಡೆ ಬಾಗಿ ಏನನ್ನೋ ಪರೀಕ್ಷಿಸಿದ. ಎದುರಿಗಿದ್ದವರೆಲ್ಲ ತನ್ನ ಹಿಂದೆ ನೋಡುತ್ತಿರುವುದು ಕಂಡ ಮೇಲಷ್ಟೇ ಹಿಂತಿರುಗಿದ. ಅವಳನ್ನು ಕಂಡ. ಎಲ್ಲರ ಮುಖ ನೋಡಿದ. ಏನು ನಡೆಯಿತೆಂದು ಅವನಿಗೆ ಅರ್ಥವಾಯಿತು.

ಆ ಮುಖದಲ್ಲಿ ಮೂಡಿದ ಭಯವನ್ನು ದೀಪಶ್ರೀ ಹಿಂದೆಂದೂ ಕಂಡಿರಲಿಲ್ಲ.

ಫ್ಯಾಕ್ಟರಿಯ ಹಿಂದೆ ನೀರಿನ ತೊಟ್ಟಿಯ ಕಟ್ಟೆಯ ಮೇಲೆ ಇಬ್ಬರೂ ಕುಳಿತರು. ಡಬ್ಬಿ ನಡುವೆ ಹಾಗೇ ಇತ್ತು, ಯಾರೂ ಬಿಚ್ಚಲಿಲ್ಲ. ಶಾಂತಮೂರ್ತಿ ತಲೆ ತಗ್ಗಿಸಿಕೊಂಡು ಎಲ್ಲವನ್ನೂ ಹೇಳಿದ.

ಹದಿನೈದು ವರ್ಷ ಆ ಸದ್ದಿನಲ್ಲಿ ನಿಂತು ಎಡಗಿವಿ ಪೂರ್ತಿ ಹೋಗಿತ್ತು. ಬಲಗಿವಿ ಅರ್ಧ. ಎದುರಿಗೆ ನಿಂತು ಬಾಯಿ ಕಾಣುವಂತೆ ಮಾತಾಡಿದರೆ ತಿಳಿಯುತ್ತಿತ್ತು. ಮೆಲ್ಲಗೆ ಮಾತಾಡಿದರೆ, ತಿರುಗಿ ನಿಂತು ಮಾತಾಡಿದರೆ, ಕತ್ತಲಲ್ಲಿ ಮಾತಾಡಿದರೆ ಏನೂ ಇಲ್ಲ. ಹೆಣ್ಣು ನೋಡಲು ಹೋಗುವಾಗ ಅಣ್ಣ ಒಂದೇ ಮಾತು ಹೇಳಿದ್ದ, ಕಿವಿಯ ವಿಷಯ ಎತ್ತಬೇಡ ಎಂದು. ಇವನೂ ಎತ್ತಲಿಲ್ಲ. ಆಮೇಲೆ ಹೇಳುವ ಧೈರ್ಯ ಬರಲಿಲ್ಲ.

ಅದನ್ನು ಮೊದಲು ಕಂಡುಹಿಡಿದವಳು ಮೀನಾ. ಧಾರಾವಾಹಿ ನೋಡಿದ ಆ ಸಂಜೆಯೇ. ಎಲ್ಲರೂ ಟಿ.ವಿ. ಕಡೆ ತಿರುಗಿ ನಕ್ಕರೆ ಇವನೊಬ್ಬ ತನ್ನ ತುಟಿ ನೋಡಿ ನಗುತ್ತಿದ್ದಾನೆಂದು ಅವಳಿಗೆ ಹೊಳೆದಿತ್ತು. ಅವಳ ಅಪ್ಪನೂ ಅಕ್ಕಿ ಗಿರಣಿಯಲ್ಲಿ ದುಡಿದು ಕಿವಿ ಕಳೆದುಕೊಂಡವರು. ಚಾಮರಾಜನಗರದ ಕಿವಿ ಡಾಕ್ಟರ ವಿಳಾಸವನ್ನು ಚೀಟಿಯಲ್ಲಿ ಬರೆದುಕೊಟ್ಟಿದ್ದೂ, ಗುರುವಾರ ಗಂಡ ಹೆಂಡತಿ ಇಬ್ಬರೂ ರಜೆ ಹಾಕಿ ಇವನನ್ನು ಕರೆದುಕೊಂಡು ಹೋಗಿ ಪರೀಕ್ಷೆ ಮಾಡಿಸಿದ್ದೂ ಅದಕ್ಕೇ. ಪುಟ್ಟಗೌರಮ್ಮನ ಕಣ್ಣಿಗೆ ಗುರುಪ್ರಕಾಶ್ ಬಿದ್ದಿರಲಿಲ್ಲ, ಅಷ್ಟೇ.

ಬಲಗಿವಿಗೆ ಮಿಷಿನ್ ಹಾಕಿದರೆ ಕೇಳಿಸುತ್ತದೆ, ಸೋಮವಾರ ಬನ್ನಿ ಎಂದು ಡಾಕ್ಟರು ಹೇಳಿದ್ದರು.

ದೀಪಶ್ರೀ ಎದ್ದು ಅವನ ಎದುರು ಬಂದು ನಿಂತಳು.

"ಅದ್ನಾಕು ತಿಂಗ್ಳು ನಾನು ಏನ್ ಅನ್ಕಂಡಿದ್ದೆ ಗೊತ್ತಾ ನಿಮ್ಗ? ನಾನಂದ್ರ ನಿಮ್ಗ ಇಷ್ಟ ಇಲ್ಲ ಅನ್ಕಂಡಿದ್ದೆ."

ಅವನು ಬೆಚ್ಚಿ ತಲೆ ಎತ್ತಿದ.

"ನಾನು... ನೀನು ಕಮ್ಮಿ ಮಾತಾಡೋಳು ಅನ್ಕಂಡಿದ್ದೆ ಕಣಮ್ಮಿ."

ಅಳು ಬಂತು ಅವಳಿಗೆ. ಅಷ್ಟು ದಿನ ಅವಳು ಆಡಿದ ಮಾತುಗಳೆಲ್ಲ, ಒಲೆಗೆ, ಕುಚ್ಚಿಗೆ, ಕತ್ತಲಿಗೆ ಹೇಳಿದ ಮಾತುಗಳೆಲ್ಲ ಯಾರಿಗೂ ಮುಟ್ಟದೆ ಹೋಗಿದ್ದವು. ಕಿವಿ ಹೋಗಿದ್ದಕ್ಕೆ ಅವಳಿಗೆ ಕೋಪವಿರಲಿಲ್ಲ. ಪಕ್ಕದ ಮನೆಯವರಿಗೆ ಹೇಳಬಹುದಾದದ್ದನ್ನು ತನಗೆ ಹೇಳಲಾಗಲಿಲ್ಲವಲ್ಲ, ಮುಖ ನೋಡಿ ಸುಳ್ಳು ಹೇಳಿದರಲ್ಲ. ಅದಕ್ಕೆ ಕೋಪ.

"ಊಟ ಮಾಡಿ," ಎಂದಷ್ಟೇ ಹೇಳಿ ಹೊರಟಳು. ಅಂದೇ ಮಧ್ಯಾಹ್ನದ ಬಸ್ಸಿಗೆ ಯಳಂದೂರಿಗೆ ಹೋದಳು.

ಅವಳ ಅಮ್ಮ ದೊಡ್ಡಬಸಮ್ಮ ಮಗಳ ಮುಖ ನೋಡಿ ಕಾಫಿ ಮಾಡಿಕೊಟ್ಟಳು. ಶನಿವಾರ ಬೆಳಿಗ್ಗೆ ಸೊಪ್ಪು ಬಿಡಿಸುತ್ತ ಕುಳಿತಾಗ ದೀಪಶ್ರೀ ತಾನೇ ಎಲ್ಲವನ್ನೂ ಹೇಳಿಕೊಂಡಳು. ಕಿವಿ ಕೇಳಿಸದ್ದನ್ನು ಮುಚ್ಚಿಟ್ಟು ಮದುವೆ ಮಾಡಿದರಲ್ಲ ಎಂದು ದೊಡ್ಡಬಸಮ್ಮ ಸಿಟ್ಟಾದಳು, ಅಳಿಯನ ಅಣ್ಣನನ್ನು ಬೈದಳು. ಕೊನೆಗೆ ಮಗಳನ್ನೇ ಕೇಳಿದಳು.

"ನಿನ್ನ ಚೆನ್ನಾಗಿ ನೋಡ್ಕತಿದ್ನಾ, ಇಲ್ವಾ? ಅದ ಯೋಳು ಮೊದ್ಲು."

ಸೊಪ್ಪಿನ ಕಂತೆ ದೀಪಶ್ರೀಯ ಕೈಯಲ್ಲೇ ಉಳಿಯಿತು.

ಊಟಕ್ಕೆ ಕುಳಿತಾಗ ಅವನು ಯಾವಾಗಲೂ ಪಕ್ಕದಲ್ಲಲ್ಲ, ಎದುರಿಗೇ ಕೂರುತ್ತಿದ್ದ. ಅವಳು ಬಾಯಿ ತೆರೆದರೆ ತುತ್ತು ಅರ್ಧಕ್ಕೇ ನಿಲ್ಲಿಸುತ್ತಿದ್ದ. ಅವಳಿಗದು ಇರುಸುಮುರುಸಾಗಿ ತಲೆ ತಗ್ಗಿಸಿಬಿಡುತ್ತಿದ್ದಳು. ಕಿಟಕಿಯ ಪರದೆ ಸರಿಸಿದ್ದು, ಒಳಗೆ ಬಂದ ಕೂಡಲೇ ದೀಪ ಹಾಕುತ್ತಿದ್ದುದು... ತನ್ನ ಮುಖ ಕಾಣಲೆಂದೇ ಅಲ್ಲವೇ? ತನ್ನ ಒಂದು ಮಾತಾದರೂ ಸಿಗಲೆಂದು ಆ ಮನುಷ್ಯ ದಿನವೂ ಕಾದು ಕೂರುತ್ತಿದ್ದ. ತಾನು ಎದುರಿಗೆ ನಿಂತು ಕೇಳಿದ ಪ್ರಶ್ನೆಗೆ ಅವನು ಒಮ್ಮೆಯಾದರೂ ಉತ್ತರ ಕೊಡದೆ ಇದ್ದಾನೆಯೇ? ಎಷ್ಟು ಹುಡುಕಿದರೂ ಅಂಥ ಒಂದು ದಿನ ನೆನಪಾಗಲಿಲ್ಲ.

"ನೋಡ್ಕತಿದ್ರು ಕಣವ್ವ," ಎಂದಳು. "ನಾನೇ ನೋಡ್ನಿಲ್ಲ."

ಭಾನುವಾರ ಸಂಜೆ ಮೀನಾಳ ಫೋನ್ ಬಂತು. ಮೊದಲು ಅವಳು ಕ್ಷಮೆ ಕೇಳಿದಳು. ನಿಮಗೇ ಮೊದಲು ಹೇಳಬೇಕಿತ್ತು, ಆದರೆ ಅವರು ಕೈ ಮುಗಿದು ಬೇಡವೆಂದರು, ನಾನೇ ಹೇಳುತ್ತೇನೆ ಎಂದರು, ಅದಕ್ಕೆ ಸುಮ್ಮನಾದೆ ಎಂದಳು. ಆಮೇಲೆ ಅವಳ ದನಿ ಬದಲಾಯಿತು.

"ದೀಪಶ್ರೀ, ನಮ್ಮಪ್ಪಂಗೆ ಕಿವಿ ಹೋಗಿದೆ ಅಂತ ನಮಗೆ ಗೊತ್ತಾಗೋ ಹೊತ್ತಿಗೆ ನಮ್ಮಮ್ಮ ಅವರ ಹತ್ರ ಮಾತಾಡೋದನ್ನೇ ಬಿಟ್ಟಿದ್ರು. ಒಂದೇ ಮನೇಲಿ, ಹನ್ನೊಂದು ವರ್ಷ. ಆಮೇಲೆ ಮಿಷಿನ್ ಹಾಕ್ಸಿದ್ವಿ. ಆದ್ರೆ ಅಷ್ಟೊತ್ತಿಗೆ ಇಬ್ಬರಿಗೂ ಆಡೋಕೆ ಮಾತೇ ಉಳಿದಿರಲಿಲ್ಲ. ನಿಮ್ಮಿಬ್ಬರಿಗೆ ಹಾಗಾಗಬಾರದು ಅಂತ ನಂಗೆ ಒಂದು ಆಸೆ."

ಶಾಂತಮೂರ್ತಿ ನಾಳೆ ಹೋಗುವುದಿಲ್ಲ ಎನ್ನುತ್ತಿದ್ದಾನಂತೆ. ಯಾರ ಮಾತು ಕೇಳಬೇಕೆಂದು ಮಿಷಿನ್ ಹಾಕಿಸಿಕೊಳ್ಳಲಿ ಎಂದು ಗುರುಪ್ರಕಾಶನನ್ನೇ ಕೇಳಿದನಂತೆ. ಎಂಟೂವರೆ ಬಸ್ಸಿಗೆ ಹತ್ತಿಸಲು ಗುರುಪ್ರಕಾಶ್ ನೋಡುತ್ತಾರೆ, ಹತ್ತುತ್ತಾರೋ ಇಲ್ಲವೋ ಗೊತ್ತಿಲ್ಲ ಎಂದು ಮೀನಾ ಫೋನ್ ಇಟ್ಟಳು.

ಈ ಹೆಂಗಸಿನ ಮೇಲೆ ತಾನು ಏನೆಲ್ಲ ಅನುಮಾನಪಟ್ಟೆ! ದೀಪಶ್ರೀಗೆ ನಾಚಿಕೆಯಾಯಿತು. ಊರಿಗೆ ಬಂದು ಎರಡು ವಾರವಾದ ನೆರೆಯವಳು, ಹದಿನಾಲ್ಕು ತಿಂಗಳು ತನಗೆ ಕಾಣದ್ದನ್ನು ಅರ್ಧ ಗಂಟೆಯಲ್ಲಿ ಕಂಡು, ರಜೆ ಹಾಕಿ ಬಸ್ಸು ಹತ್ತಿದ್ದಳು.

ಕೊಳ್ಳೇಗಾಲದಿಂದ ಚಾಮರಾಜನಗರಕ್ಕೆ ಹೋಗುವ ಬಸ್ಸುಗಳು ಯಳಂದೂರಿನ ಮೇಲೇ ಹೋಗಬೇಕು. ಸೋಮವಾರ ಎಂಟೂವರೆಗೇ ದೀಪಶ್ರೀ ತಲೆ ಬಾಚಿ, ಅಮ್ಮ ಕೊಟ್ಟ ಮಲ್ಲಿಗೆ ಮುಡಿದು ಬಸ್‌ಸ್ಟ್ಯಾಂಡಿಗೆ ಬಂದು ನಿಂತಳು.

ಒಂಬತ್ತರ ಹೊತ್ತಿಗೆ ಒಂದು ಬಸ್ಸು ಬಂತು. ಅವಳು ಒಂದೊಂದು ಕಿಟಕಿಯನ್ನೂ ನೋಡಿದಳು. ಅವನಿರಲಿಲ್ಲ. ಬಾಗಿಲಿನಿಂದ ಇಣುಕಿದಳು. ಇಲ್ಲ. ಮುಂದಿನದು ಬಂತು. ಅದರಲ್ಲೂ ಇಲ್ಲ. ಗಂಟೆ ಒಂಬತ್ತೂವರೆ ದಾಟಿತು.

*ಬರಲಿಲ್ಲ. ಯಾರ ಮಾತು ಕೇಳಲಿ ಎಂದವರು ಯಾಕೆ ಬರುತ್ತಾರೆ?*

ಫೋನ್ ಮಾಡೋಣವೆಂದರೆ, ಫೋನಿನಲ್ಲಿ ಅವನಿಗೆ ಏನು ಕೇಳಿಸೀತು? ಈಗಲೇ ಕೊಳ್ಳೇಗಾಲದ ಬಸ್ಸು ಹತ್ತಿ ಹೋಗಿ ಕೈ ಹಿಡಿದು ಕರೆತರುವುದೇ ಸರಿ ಎಂದುಕೊಂಡು ಅವಳು ರಸ್ತೆ ದಾಟುವಷ್ಟರಲ್ಲಿ ಮೂರನೆಯ ಬಸ್ಸು ಬಂದು ನಿಂತಿತು.

ನಾಲ್ಕನೆಯ ಕಿಟಕಿಯಲ್ಲಿ ಅವನಿದ್ದ. ತೊಡೆಯ ಮೇಲೆ ಡಾಕ್ಟರ ಕಡತ. ಕಣ್ಣು ಎಲ್ಲೋ ದೂರ. ಎರಡು ದಿನದ ಗಡ್ಡ.

"ರೀ," ಎಂದಳು ಕೆಳಗಿನಿಂದ. ಅವನಿಗೆ ಕೇಳಿಸಲಿಲ್ಲ. ಬಸ್ಸು ಹೊರಡಲು ಗುರುಗುಟ್ಟಿತು. ದೀಪಶ್ರೀ ಓಡಿ ಹತ್ತಿದಳು. ಜನರನ್ನು ಸರಿಸಿಕೊಂಡು ಹೋಗಿ ಅವನ ಬಲಕ್ಕೆ ಖಾಲಿಯಿದ್ದ ಜಾಗದಲ್ಲಿ ಕುಳಿತುಬಿಟ್ಟಳು.

ಶಾಂತಮೂರ್ತಿ ಯಾರೋ ಎಂದು ಸ್ವಲ್ಪ ಸರಿದು ಕುಳಿತ. ಮಲ್ಲಿಗೆಯ ವಾಸನೆಗೆ ತಿರುಗಿದ. ಕಂಡಕ್ಟರ್ ಬಂದು, ಅವಳು ತೋರಿಸಿದ ಆಧಾರ್ ನೋಡಿ, ಟಿಕೆಟ್ ಹರಿದು ಕೊಟ್ಟು ಹೋಗುವ ತನಕವೂ ಅವನು ಅವಳನ್ನೇ ನೋಡುತ್ತಿದ್ದ.

"ನೀನು ಬತ್ತಿಯಾ ಅಂತ ನಾನು ಅನ್ಕಂಡಿರ್ನಿಲ್ಲ," ಎಂದ.

"ನಂಗ ಸಿಟ್ಟು ಇನ್ನೂ ಓಗಿಲ್ಲ."

ಅವನು ಅವಳ ತುಟಿ ನೋಡಿ ಓದಿಕೊಂಡು ತಲೆಯಾಡಿಸಿದ. "ಗೊತ್ತು. ಬೈದ್ಬುಡು. ಸುಳ್ಳು ಯೋಳಿದ್ದು ನನ್ದೇ ತಪ್ಪು. ಕಿವುಡ ಅಂತ ಗೊತ್ತಾದ್ರ ನೀನು ಬುಟ್ಟು ಓಯ್ತಿಯಾ ಅಂತ ಎದ್ರಿಕ ಆಗಿತ್ತು. ದಿನಾ ಇವತ್ತು ಯೋಳವಾ, ನಾಳ ಯೋಳವಾ ಅಂತಾನೇ ಇದ್ದೆ. ನೀನು ಎದ್ರುಗ ಕೂತಾಗ ನಿನ್ನ ಮುಖ ನೋಡ್ತಿದ್ರ, ಇದೊಂದು ಉಳ್ಕಂಡ್ರ ಸಾಕು ಅನ್ಸ್ತಿತ್ತು."

ಅವಳು ಕಣ್ಣು ಒರೆಸಿಕೊಂಡಳು. ಇಷ್ಟು ದೊಡ್ಡ ಮಾತನ್ನು ಅವನು ಒಟ್ಟಿಗೇ ಆಡಿದ್ದು ಇದೇ ಮೊದಲು.

ಬಸ್ಸು ಸಂತೆಮರಹಳ್ಳಿಯ ಕಡೆಗೆ ವೇಗ ಹಿಡಿದಿತ್ತು. ಕಿಟಕಿಗಳು ಗಡಗಡಿಸುತ್ತಿದ್ದವು. ದೀಪಶ್ರೀ ಏನೋ ಹೇಳಿದಳು. ಡ್ರೈವರ್ ಹಾರನ್ ಒತ್ತಿದ, ಅವಳ ಮಾತು ಅದರಲ್ಲಿ ಕೊಚ್ಚಿಹೋಯಿತು.

"ಏನಂದೆ?" ಎಂದ ಅವನು, ಬಲಗಿವಿಯನ್ನು ಅವಳತ್ತ ತಂದು.

ಅವಳು ಇನ್ನೊಮ್ಮೆ ಹೇಳಿದಳು. ಅವನು ತಲೆ ಅಲ್ಲಾಡಿಸಿದ. ಹಳ್ಳ ಹಾರಿದ ಬಸ್ಸಿನ ಸದ್ದಿಗೆ ಅದೂ ಹೋಯಿತು.

ತವರಿನಲ್ಲಿ ಅವಳು ಏಳು ವರ್ಷ ಗಂಟಲು ಅದುಮಿಕೊಂಡು ಬದುಕಿದ್ದಳು. ಆಮೇಲೂ ಅದೇ ರೂಢಿ. ತನಗೆ ಗಟ್ಟಿ ದನಿ ಇದೆಯೆಂಬುದೇ ಅವಳಿಗೆ ಗೊತ್ತಿರಲಿಲ್ಲ. ಈಗ ದೀಪಶ್ರೀ ಉಸಿರು ಎಳೆದುಕೊಂಡಳು.

"ನೀವಂದ್ರ ನಂಗ ಭಾಳ ಇಷ್ಟ ಕಣ್ರಿ!"

ಮುಂದಿನ ಸೀಟಿನವರು ತಿರುಗಿದರು. ಅವರ ಮುಂದಿನವರೂ ತಿರುಗಿದರು. ಕಂಡಕ್ಟರ್ ಟಿಕೆಟ್ ಹರಿಯುವುದನ್ನು ನಿಲ್ಲಿಸಿದ. ಸೊಪ್ಪಿನ ಮಂಕರಿ ಹಿಡಿದು ಕೂತಿದ್ದ ಮುದುಕಿಯೊಬ್ಬಳು ಬೊಚ್ಚುಬಾಯಿ ತೆರೆದು ನಕ್ಕಳು.

"ಕೇಳ್ತಾ ಮಗಾ? ನಮ್ಗೇ ಕೇಳ್ತು," ಎಂದಳು ಶಾಂತಮೂರ್ತಿಗೆ.

ದೀಪಶ್ರೀ ಸೆರಗಿನಿಂದ ಮುಖ ಮುಚ್ಚಿಕೊಂಡಳು. ಬಸ್ಸೆಲ್ಲ ನಗುತ್ತಿತ್ತು, ಕುಹಕವಿಲ್ಲದ ನಗು. ಬೆರಳ ಸಂದಿಯಿಂದ ಅವಳು ಗಂಡನನ್ನು ನೋಡಿದಳು. ಅವನು ಅಳುತ್ತಿದ್ದ. ನಗುತ್ತಲೂ ಇದ್ದ. ಕಡತ ತೊಡೆಯಿಂದ ಜಾರಿ ಕೆಳಗೆ ಬಿದ್ದಿದ್ದರೂ ಎತ್ತಿಕೊಂಡಿರಲಿಲ್ಲ.

ಅವನು ಮೆಲ್ಲಗೆ ಅವಳ ಕೈಯನ್ನು ಮುಖದಿಂದ ಸರಿಸಿ, ತನ್ನ ಕೈಯೊಳಗೆ ಹಿಡಿದುಕೊಂಡ.

"ಕೇಳ್ನಿಲ್ಲ," ಎಂದ. "ಇನ್ನೊಂದ್ಸಲ ಯೋಳು."

ಕೇಳಿಸಿದೆಯೆಂದು ಅವಳಿಗೂ ಗೊತ್ತಿತ್ತು. ಆದರೂ ದೀಪಶ್ರೀ ಅವನ ಬಲಗಿವಿಗೆ ಬಾಗಿದಳು. ಈ ಸಲ ಕೂಗಲಿಲ್ಲ.